ಚುಕ್ಕಾಣಿಗನ ಕಾಲಡಿಯ ಹಲಗೆ

ಹಡಗು ಕೊಲ್ಲಿಯಲ್ಲಿ ಮತ್ತೊಂದು ಸುತ್ತು ತಿರುಗತೊಡಗಿದಾಗ ಐಸಿ ಕುಂಚವನ್ನು ಡಬ್ಬಿಯ ಮೇಲೆ ಅಡ್ಡ ಇಟ್ಟು, ಸೊಂಟಕ್ಕೆ ಕೈ ಕೊಟ್ಟು ನಿಂತಳು.

"ನೋಡೇ ಬಾಥಿಯಾ, ನಿನ್ನ ಮಗ ಹಡಗು ನಡೆಸ್ತಿದಾನೋ, ತನ್ನ ಬಾಲ ತಾನೇ ಹಿಡಿಯೋಕೆ ಹೋದ ನಾಯಿ ಥರ ಗಿರಕಿ ಹೊಡೀತಿದಾನೋ?"

ಬಾಥಿಯಾ ಸ್ಲೇಟರ್ ತಲೆ ಎತ್ತಲಿಲ್ಲ. ಮುಂದಿನ ಹಡಗಿನ ಹಲಗೆಗಳಿಗೆ ಕೆಂಪು ಸೀಸದ ಬಣ್ಣ ಬಳಿಯುತ್ತಿದ್ದವಳು, ಬಳಿದ ಜಾಗಕ್ಕೇ ಮತ್ತೆ ಬಳಿದಳು. ಕಣ್ಣೆತ್ತಿ ನೋಡದಿದ್ದರೂ ಹಡಗು ಎಲ್ಲಿದೆ, ಮೂತಿ ಯಾವ ಕಡೆಗಿದೆ ಎಂಬುದು ಎಂಜಿನ್ನಿನ ಸದ್ದಿನಿಂದಲೇ ಅವಳಿಗೆ ತಿಳಿಯುತ್ತಿತ್ತು. ಸ್ಕಾರ್‌ನೆಸ್ ಯಾರ್ಡಿನಲ್ಲಿ ಕಟ್ಟಿದ ಹಿಂದಿನ ಹಡಗುಗಳೆಲ್ಲ ದಿಕ್ಸೂಚಿ ಸರಿ ಮಾಡಿಸಿಕೊಳ್ಳಲು ಬೆಳಿಗ್ಗೆ ಹೋಗಿ, ಒಂದೇ ಸುತ್ತಿಗೆ ಕೆಲಸ ಮುಗಿಸಿ ಊಟದ ಹೊತ್ತಿಗೆ ದಡ ಸೇರಿದ್ದವು. ಇದು ಮಾತ್ರ ಊಟದ ಹೊತ್ತು ಕಳೆದು ಚಹಾದ ಹೊತ್ತಾದರೂ ಚರ್ಚಿನ ಗೋಪುರದ ಕಡೆಗೊಮ್ಮೆ, ಹಗ್ಗದ ಕಾರ್ಖಾನೆಯ ಚಿಮಣಿಯ ಕಡೆಗೊಮ್ಮೆ ಮುಖ ಮಾಡುತ್ತ ಅಲ್ಲೇ ತಿರುಗುತ್ತಿತ್ತು.

"ದಿಕ್ಸೂಚಿ ಸರಿ ಮಾಡೋಕೆ ಅಬರ್ಡೀನಿಂದ ಬಂದಿರೋ ಆ ಮನುಷ್ಯನಿಗೆ ಕೆಲಸ ಬರುತ್ತೋ ಇಲ್ವೋ" ಎಂದಳು ಐಸಿ.

"ಬರುತ್ತೆ, ಬರುತ್ತೆ" ಎಂದಳು ಬಾಥಿಯಾ. ಅವಳ ದನಿ ಎಷ್ಟು ಗಟ್ಟಿಯಾಗಿತ್ತೆಂದರೆ ಐಸಿ ತಿರುಗಿ ನೋಡಿದಳು.

ಕೊನೆಗೂ ಹಡಗು ಧಕ್ಕೆಗೆ ಬಂದಾಗ ಯಾರ್ಡಿನ ಅರ್ಧ ಜನ ಅಲ್ಲಿ ನೆರೆದಿದ್ದರು. ಮೊದಲು ಇಳಿದವನು ಬಾಥಿಯಾಳ ಮಗ ಆಲಿಕ್. ಬೂಟುಗಳನ್ನು ಲಾಡಿಯಿಂದ ಕೊರಳಿಗೆ ತೂಗುಹಾಕಿಕೊಂಡು, ಬರೀ ಕಾಲುಚೀಲದಲ್ಲಿ ಹೆಜ್ಜೆ ಹಾಕುತ್ತಿದ್ದ.

"ಬೂಟಿನ ಮೊಳೆ ಅಂತೆ! ಬೂಟು ಬಿಚ್ಚಿಸಿದ್ರು. ಬೆಲ್ಟು ಬಿಚ್ಚಿಸಿದ್ರು. ಚಾಕು, ತಂಬಾಕಿನ ಡಬ್ಬಿ ಎಲ್ಲ ಕಿತ್ಕೊಂಡು ಹಡಗಿನ ಹಿಂದಕ್ಕೆ ಕಳಿಸಿದ್ರು. ಆದ್ರೂ ದಿಕ್ಸೂಚಿ ಮುಳ್ಳು ನೆಟ್ಟಗೆ ನಿಲ್ಲಲಿಲ್ಲ. ಇನ್ನೊಂದು ಸುತ್ತು ಹೊಡೆದಿದ್ರೆ ಚಡ್ಡೀನೂ ಬಿಚ್ಚಿಸ್ತಿದ್ರೋ ಏನೋ."

"ಚಡ್ಡೀಲಿ ಎಂಥ ಕಬ್ಬಿಣ ಇಟ್ಟಿದೀಯೋ ಪುಣ್ಯಾತ್ಮ?" ಎಂದಳು ಐಸಿ.

"ನಿಮ್ಮ ವಯಸ್ಸಿಗೆ ಅದೆಲ್ಲ ಯಾಕೆ ಐಸಿಯತ್ತೆ?"

ಜನ ಹೋ ಎಂದು ನಕ್ಕರು. ನಗದವರು ಇಬ್ಬರೇ. ಒಬ್ಬಳು ಬಾಥಿಯಾ, ಇನ್ನೊಬ್ಬ ಮೇಸ್ತ್ರಿ ವಾಟಿ.

"ನನ್ನ ಹಡಗಲ್ಲಿ ಕಬ್ಬಿಣ ಅಂತೆ!" ವಾಟಿ ಟೋಪಿ ತೆಗೆದು ಮತ್ತೆ ಹಾಕಿಕೊಂಡ. "ಓಕ್ ಮರದ ಪಕ್ಕೆಲುಬು, ಲಾರ್ಚಿನ ಹಲಗೆ, ತಾಮ್ರದ ಮೊಳೆ, ಕಂಚಿನ ತಿರುಪು. ಎಂಜಿನ್ ಬಿಟ್ಟು ಬೇರೆ ಎಲ್ಲಾದ್ರೂ ಒಂದು ಚೂರು ಕಬ್ಬಿಣ ತೋರಿಸ್ರಯ್ಯ, ಇಲ್ಲೇ ನುಂಗಿಬಿಡ್ತೀನಿ." ಯಾರೋ ಮೂರ್ಖ ಸುತ್ತಿಗೆ ಮರೆತು ಬಂದಿದ್ದಾನೆ ಎಂದು ಬೈಯುತ್ತ ಅವನು ಉಪಕರಣಗಳ ಗೋಡೆಯ ಕಡೆಗೆ ಓಡಿದ. ಪ್ರತಿ ಸುತ್ತಿಗೆಯೂ ತನ್ನ ಮೊಳೆಯಲ್ಲಿ ತೂಗುತ್ತಿತ್ತು.

ಆ ಕಬ್ಬಿಣ ಎಲ್ಲಿದೆ ಎಂದು ಗೊತ್ತಿದ್ದವಳು ಬಾಥಿಯಾ ಒಬ್ಬಳೇ.

ಅವಳ ಗಂಡ ಡಾಡ್ 'ಗ್ಲೀನರ್' ಎಂಬ ದೋಣಿಯಲ್ಲಿ ಹೆರಿಂಗ್ ಮೀನು ಹಿಡಿಯುತ್ತಿದ್ದವನು. ಆ ದೋಣಿಯ ಹಾಯಿ ಕಟ್ಟುವ ಕೂವೆಮರಕ್ಕೆ ಒಂದು ಕುದುರೆ ಲಾಳ ಬಡಿದಿತ್ತು. ಅವನ ಅಪ್ಪ ಬಡಿದದ್ದು. ಆ ಕರಾವಳಿಯ ದೋಣಿಗಳಲ್ಲೆಲ್ಲ ಅದೃಷ್ಟಕ್ಕೆಂದು ಅಂಥದೊಂದು ಇದ್ದೇ ಇರುತ್ತಿತ್ತು. ಯುದ್ಧದ ಮೊದಲ ಚಳಿಗಾಲದಲ್ಲಿ ನೌಕಾಪಡೆ ಮನುಷ್ಯನನ್ನು ಕರೆಸಿಕೊಂಡಿತು, ದೋಣಿ ಹಳ್ಳದ ಬಾಯಲ್ಲಿ ಮರಳಿನ ಮೇಲೆ ಉಳಿಯಿತು. ಅವನಿಗೆ ಕೊಟ್ಟದ್ದು ಉಕ್ಕಿನ ಹಡಗು. ಥೇಮ್ಸ್ ನದಿಯ ಬಾಯಲ್ಲಿ, ಸಮುದ್ರದ ತಳದಲ್ಲಿ ಮಲಗಿದ್ದ ಶತ್ರುವಿನ ಸಿಡಿಗುಂಡು, ಒಂದು ಮೈನು, ತಲೆಯ ಮೇಲೆ ಇಷ್ಟೊಂದು ಕಬ್ಬಿಣ ಹಾದುಹೋಗುವುದನ್ನು ಗುರುತಿಸಿ ಎದ್ದು ಸಿಡಿಯಿತು. ತಾಗಬೇಕಾದ ಅಗತ್ಯವೂ ಅದಕ್ಕಿರಲಿಲ್ಲ. ಡಾಡ್ ಮರಳಿ ಬರಲಿಲ್ಲ.

ಮರದ ಹಡಗುಗಳನ್ನು ಕಟ್ಟತೊಡಗಿದ್ದು ಅದಕ್ಕಾಗಿಯೇ. ಹಡಗು ಮರದ್ದು. ಆದರೆ ನೀರಿನಲ್ಲಿ ಎಳೆದುಕೊಂಡು ಹೋಗುವ ಉದ್ದನೆಯ ಬಾಲ ವಿದ್ಯುತ್ ಹರಿಯುವ ತಂತಿಯದು. ಮುಂದೆ ಹೋಗುವಾಗ ತಾನು ಏನೂ ಅಲ್ಲ ಎಂಬಂತೆ ಸದ್ದಿಲ್ಲದೆ ಮೈನಿನ ಮೇಲೆ ಹಾದು, ಬಹಳ ಹಿಂದೆ ಬರುವ ಬಾಲದಿಂದ ತಾನೊಂದು ಭಾರೀ ಉಕ್ಕಿನ ಹಡಗು ಎಂದು ನಂಬಿಸಿ, ಅದನ್ನು ದೂರದಲ್ಲಿ ಸಿಡಿಯುವಂತೆ ಮಾಡುವುದು ಅದರ ಕೆಲಸ. ಮೀನುದೋಣಿ ಕಟ್ಟಿ ಬದುಕಿದ್ದ ಊರುಗಳಿಗೆ ಈ ಕೆಲಸ ಬಂತು. ಗಂಡಸರು ಸಾಲದೆ ಹೆಂಗಸರ ಕೈಗೂ ಬಂತು. ಸಮುದ್ರಕ್ಕೆ ಹೊರಟವನ ಎದುರಿಗೆ ಹೆಂಗಸು ಬಂದರೆ ಅವನು ಮನೆಗೆ ವಾಪಸಾಗುತ್ತಿದ್ದ ಊರಿನಲ್ಲಿ, ಹೆಂಗಸರೇ ಹಡಗಿನೊಳಗೆ ಕೂತು ನೀರು ಸೋರದಂತೆ ಸಂದುಗಳಿಗೆ ನಾರು ತುಂಬಿದರು.

ಈ ಹಡಗಿನ ನಾಯಕ, ಸ್ಕಿಪ್ಪರ್ ಫಿಂಡ್ಲೇ, ಪಕ್ಕದ ಊರಿನವನು. ತನ್ನ ಕಡೆಯ ಹುಡುಗರೇ ಬೇಕೆಂದು ಹಟ ಹಿಡಿದು ಪಡೆದುಕೊಂಡವರಲ್ಲಿ ಆಲಿಕ್ ಒಬ್ಬ. ಕಳೆದ ವಾರ ಎಂಜಿನ್ ಪರೀಕ್ಷೆ ಮುಗಿಸಿ ಮನೆಗೆ ಬಂದವನು, ಓಟ್ಸ್ ಹಿಟ್ಟಿನಲ್ಲಿ ಹೊರಳಿಸಿ ಕರಿದ ಹೆರಿಂಗನ್ನು ತಿನ್ನುತ್ತ ನಗುನಗುತ್ತ ಹೇಳಿದ್ದ:

"ದಕ್ಷಿಣದಿಂದ ಬಂದಿರೋ ಆ ಲೆಫ್ಟಿನೆಂಟು ಇದಾನಲ್ಲಮ್ಮ, ಚುಕ್ಕಾಣಿ ಕೋಣೇಲಿ ನನ್ನ ಪಕ್ಕ ನಿಂತ್ಕೊಂಡು ಹಂದಿ ವಿಷಯ ಎತ್ತಿಬಿಟ್ಟ! ಬೆಳಿಗ್ಗೆ ತಿಂಡಿಗೆ ಹಂದಿ ಇದ್ರೆ ಎಷ್ಟು ಚೆನ್ನಾಗಿತ್ತು ಅಂತ. ಸಮುದ್ರದ ಮೇಲೆ ಅಂಥ ಅಪಶಕುನದ ಹೆಸರು! ಸ್ಕಿಪ್ಪರ್ ಮುಖ ನೋಡ್ಬೇಕಿತ್ತು ನೀನು. ದೋಷ ಕಳೀಲಿ ಅಂತ ನಾನು ತಣ್ಣನೆ ಕಬ್ಬಿಣ ಮುಟ್ಟೋಕೆ ಕೈ ಚಾಚಿದೆ. ಚಕ್ರ, ಮರ. ಅದರ ಗುಬುಟು, ಹಿತ್ತಾಳೆ. ಕಿಟಕಿ, ಕಂಚು. ಮುಟ್ಟೋಕೆ ಒಂದು ಮೊಳೇನೂ ಇಲ್ಲ! ಸ್ಕಿಪ್ಪರ್ ಎಂಜಿನ್ ಕೋಣೆಗೆ ಇಳಿದೇ ಹೋದ್ರು, ಏನೋ ನೋಡ್ಬೇಕು ಅಂತ ನೆವ ಹೇಳಿ."

"ನೀನು?"

"ನಾನು ಚುಕ್ಕಾಣಿ ಬಿಟ್ಟು ಹೋಗೋಕಾಗುತ್ತಾ? ಹಾಗೇ ನಿಂತಿದ್ದೆ."

ಹಾಗೇ ನಿಂತಿದ್ದೆ ಎಂಬ ಮಾತು ಬಾಥಿಯಾಳ ಎದೆಯಲ್ಲಿ ಕೂತುಬಿಟ್ಟಿತು. ಮರುದಿನ ಅವಳು ಹಳ್ಳದ ಬಾಯಿಗೆ ಹೋಗಿ ಗ್ಲೀನರಿನ ಕೂವೆಮರದಿಂದ ಲಾಳವನ್ನು ಕಿತ್ತು ಏಪ್ರನ್ನಿನೊಳಗೆ ಕಟ್ಟಿಕೊಂಡು ಬಂದಳು. ಚುಕ್ಕಾಣಿ ಕೋಣೆಯ ನೆಲಕ್ಕೆ ಬಣ್ಣ ಬಳಿಯುವ ಪಾಳಿ ಅವಳದೇ ಇತ್ತು. ಚುಕ್ಕಾಣಿಗ ನಿಲ್ಲುವ ಜಾಗದ ಹಲಗೆ ಎತ್ತಿ, ಕೆಳಗಿನ ತೊಲೆಗೆ ತಾಮ್ರದ ಮೊಳೆಗಳಿಂದ ಅದನ್ನು ಬಡಿದು, ಹಲಗೆ ಮುಚ್ಚಿ ಬಣ್ಣ ಬಳಿದಳು. ಡಾಡ್ ತನ್ನ ಲಾಳವನ್ನು ಬಿಟ್ಟು ಹೋಗಿದ್ದ. ಆಲಿಕ್ ಹಾಗೆ ಹೋಗಬಾರದು. ಅಷ್ಟೇ ಅವಳ ಲೆಕ್ಕ. ಆಗ ಅಲ್ಲಿ ದಿಕ್ಸೂಚಿಯನ್ನು ಇನ್ನೂ ಕೂರಿಸಿರಲಿಲ್ಲ.

ಚಹಾ ಮುಗಿದ ಮೇಲೆ ಅವಳು ಬಣ್ಣದ ಡಬ್ಬಿ ಹಿಡಿದು ಹಡಗಿಗೆ ಹೊರಟಳು. ಜೂನ್ ತಿಂಗಳ ಸಂಜೆ, ಬಿಸಿಲು ಇನ್ನೂ ಮನೆಗಳ ಮಾಡಿನ ಮೇಲೆ ಹಾಯಾಗಿ ಮಲಗಿತ್ತು. ಏಣಿಯ ಹತ್ತಿರ ಕಾವಲಿದ್ದ ನಾವಿಕ ಬ್ರೆಡ್ಡು ತಿನ್ನುತ್ತಿದ್ದ.

"ಈ ಹೊತ್ತಲ್ಲಿ ಏನಮ್ಮ?"

"ನಿಮ್ಮೋರು ದಿನವಿಡೀ ಎಳೆದಾಡಿ ಬಣ್ಣ ಎಲ್ಲ ಕೆರೆದಿಟ್ಟಿದಾರೆ. ನಾಳೆ ಬೆಳಿಗ್ಗೆ ಹೊರಡೋ ಹಡಗು ಹೀಗೆ ಹೋಗೋದಾ?"

"ಹೋಗಿ, ಹೋಗಿ. ಹೆಂಗಸು ಹತ್ತಿದ್ರೆ ಅಪಶಕುನ ಅಂತ ಸ್ಕಿಪ್ಪರ್ ಅಂದ್ರೆ ನಾನು ನೋಡಿಲ್ಲ."

"ಇದರ ಅರ್ಧ ಮೈಗೆ ಬಣ್ಣ ಬಳಿದೋಳೇ ನಾನು. ಆಗೋ ಅಪಶಕುನ ಎಲ್ಲ ಆಗಿಹೋಗಿದೆ" ಎಂದು ಅವಳು ಒಳಗೆ ಹೋದಳು.

ಚುಕ್ಕಾಣಿಯ ಎದುರಿಗೆ ದಿಕ್ಸೂಚಿ ತನ್ನ ಹಿತ್ತಾಳೆಯ ಬಟ್ಟಲಿನಲ್ಲಿ ಅಲುಗದೆ ಕೂತಿತ್ತು. ಅವಳು ಮೊಣಕಾಲೂರಿ ಹಲಗೆಯ ತಿರುಪು ಬಿಚ್ಚಿದಳು. ಲಾಳದ ಕೆಳಗೆ ತಿರುಪುಳಿಯ ತುದಿ ತೂರಿಸಿ ಮೊಳೆಗಳನ್ನು ಒಂದೊಂದಾಗಿ ಸಡಿಲಿಸಿದಳು. ಲಾಳ ಕೈಗೆ ಬಂತು. ಎದ್ದು ನಿಂತು ಅದನ್ನು ಬೆನ್ನ ಹಿಂದೆ, ಬಾಗಿಲಿನಾಚೆ ಇಟ್ಟು ತಿರುಗಿದಾಗ ಬಟ್ಟಲಿನೊಳಗಿನ, ದಿಕ್ಕುಗಳನ್ನು ಬರೆದ ತಟ್ಟೆ, ನಿದ್ದೆಯಲ್ಲಿ ಮಗ್ಗುಲು ಬದಲಿಸುವವರ ಹಾಗೆ ನಿಧಾನವಾಗಿ ಒಂದಿಷ್ಟು ತಿರುಗಿ ಬೇರೆ ಕಡೆ ನಿಂತಿತ್ತು. ಅವಳಿಗೆ ಎದೆಯ ಮೇಲಿನ ಭಾರ ಇಳಿದಂತಾಯಿತು. ಇನ್ನು ಸರಿಹೋಯಿತು ಎಂದುಕೊಂಡಳು.

"ಅಯ್ಯೋ, ತೆಗೆದುಬಿಟ್ರಾ?"

ಬಾಗಿಲಲ್ಲಿ ನಿಂತಿದ್ದವನು ದಿಕ್ಸೂಚಿ ಸರಿ ಮಾಡಲು ಅಬರ್ಡೀನಿನಿಂದ ಬಂದಿದ್ದ ಇಮ್ಲಾಕ್. ತೆಳ್ಳಗಿನ, ಕೆಮ್ಮು ಹತ್ತಿದ ಮನುಷ್ಯ. ಕೈಯಲ್ಲಿ ಗೋಡೆಗೆ ಹಾಕಬೇಕಾದ, ದಿಕ್ಸೂಚಿಯ ತಿದ್ದುಪಡಿಯ ಪಟ್ಟಿ ಇತ್ತು. ಅವನ ಕಣ್ಣು ಎತ್ತಿದ ಹಲಗೆ, ಲಾಳ, ಬಾಥಿಯಾಳ ಮುಖ, ಎಲ್ಲವನ್ನೂ ಒಂದು ಸುತ್ತು ನೋಡಿ ದಿಕ್ಸೂಚಿಯ ಮೇಲೆ ಹೋಗಿ ನಿಂತಿತು.

"ನಾನೇ ಇಟ್ಟಿದ್ದು ಮಿಸ್ಟರ್ ಇಮ್ಲಾಕ್" ಎಂದಳು ಅವಳು. "ನಾನೇ ತೆಗೆದೆ. ಈಗ ಸರಿಹೋಯ್ತು, ನೋಡಿ."

"ಸರಿಹೋಗಿದ್ದು ಕೊಲ್ಲೀಲಿ, ಕೊನೇ ಸುತ್ತಲ್ಲಿ ಕಣಮ್ಮ. ಈಗ ಕೆಟ್ಟಿತು."

ಅವಳಿಗೆ ಅರ್ಥವಾಗಲಿಲ್ಲ. ಅವನು ಪಟ್ಟಿಯನ್ನು ಕಂಕುಳಿಗೆ ಸೇರಿಸಿ, ಮೂಗಿನ ಮೇಲಿನ ಕನ್ನಡಕ ತೆಗೆದು ಅವಳ ಮುಂದೆ ಹಿಡಿದ.

"ಇದನ್ನ ನನ್ನ ಕಣ್ಣಿಗೆ ನೋಡಿ ಮಾಡಿಕೊಟ್ಟಿದ್ದು. ಈಗ ಯಾರಾದ್ರೂ ಬಂದು ಕಣ್ಣನ್ನೇ ಬದಲಾಯಿಸಿದ್ರೆ? ಇಲ್ಲಿ ಎಲ್ಲೋ ಕಬ್ಬಿಣ ಇದೆ ಅಂತ ಗೊತ್ತಾಯ್ತು, ಸಿಗಲಿಲ್ಲ. ಹೊತ್ತು ಮೀರಿತ್ತು. ಅದು ಎಲ್ಲೇ ಇರ್ಲಿ, ಅದರ ಎಳೆತಕ್ಕೆ ಸರಿಯಾಗಿ ದಿಕ್ಸೂಚಿ ಕೆಳಗಿನ ಈ ಪೆಟ್ಟಿಗೇಲಿ ಆಯಸ್ಕಾಂತದ ಕಡ್ಡಿಗಳನ್ನ ಜೋಡಿಸಿದೆ. ಆ ಕಬ್ಬಿಣ ಇದ್ರೇನೇ ಇದು ನಿಜ ಹೇಳೋದು. ಇಲ್ದಿದ್ರೆ ಸುಳ್ಳು."

"ಎಷ್ಟು ಸುಳ್ಳು?"

"ದಡ ಕಾಣ್ತಿದ್ರೆ ಚಿಂತೆಯಿಲ್ಲ. ಕಾಣದ ಕಡೆ ಹೋದಾಗ, ಮೈನು ಗುಡಿಸಿದ ದಾರೀಲಿ ಇದೀವಿ ಅಂದ್ಕೊಂಡು ಗುಡಿಸದ ಕಡೆ ಹೋಗ್ತಾರೆ. ಇವರ ಹಿಂದೆ ಬರೋ ಹಡಗುಗಳೂ ಹಾಗೇ."

ಬಾಥಿಯಾ ಹಲಗೆಯ ಅಂಚಿನ ಮೇಲೆ ಕೂತುಬಿಟ್ಟಳು. ಚುಕ್ಕಾಣಿ ಹಿಡಿಯುವವನು ಯಾರು ಎಂದು ಅವನಿಗೆ ಹೇಳಬೇಕೆನಿಸಿತು. ಆದರೆ ಅವನಿಗೆ ಗೊತ್ತಿತ್ತು. ದಿನವಿಡೀ ಆಲಿಕ್‌ನ ಪಕ್ಕದಲ್ಲೇ ನಿಂತಿದ್ದವನು.

"ಮೈನಿಗೆ ಇದರ ವಾಸನೆ ಹತ್ತುತ್ತಾ?" ಎಂದಳು ಕೊನೆಗೆ.

"ಈ ಚೂರಿಗಾ? ಕೆಳಗೆ ಟನ್ನುಗಟ್ಟಲೆ ಎಂಜಿನ್ ಇದೆ. ಅದನ್ನೇ ಮರೆಸೋಕೆ ಹಡಗಿನ ಸುತ್ತ ತಂತಿ ಸುತ್ತಿದಾರೆ. ಮೈನಿಗೆ ಇದು ಲೆಕ್ಕಕ್ಕೇ ಇಲ್ಲ. ದಿಕ್ಸೂಚಿಗೆ ಮಾತ್ರ ಇದು ಮೂಗಿನ ಕೆಳಗಿನ ಮೆಣಸಿನಕಾಯಿ."

"ಇನ್ನೊಂದು ಸಲ ಸುತ್ತಿಸಿ ಸರಿ ಮಾಡಿ. ಲಾಳ ಇಲ್ದೇನೇ."

"ಬೆಳಗಿನ ಉಬ್ಬರಕ್ಕೆ ಹೊರಡ್ಬೇಕು ಅಂತ ಅಪ್ಪಣೆ ಬಂದಿದೆ. ಅರ್ಧ ದಿನ ಬೇಕು ಅಂತ ನಾನು ಕೇಳ್ಬಹುದು. ಯಾಕೆ ಅಂತ ಕೇಳ್ತಾರೆ. ಹೇಳಿದ್ರೆ ಅವರು ಇದಕ್ಕೆ ಲಾಳ ಅನ್ನಲ್ಲಮ್ಮ, ಬೇರೆ ಹೆಸರಿಡ್ತಾರೆ. ಯುದ್ಧದ ಹಡಗಿನ ದಿಕ್ಸೂಚಿ ಕೆಡಿಸಿದ್ದು ಅಂತಾರೆ. ನಿಮ್ಮನ್ನೂ ಕೂರಿಸಿ ಕೇಳ್ತಾರೆ, ನಿಮ್ಮ ಹುಡುಗನ್ನೂ." ಅವನು ಕೆಮ್ಮಿದ. "ಆದ್ರೂ ನೀವು ಕೇಳಿ ಅಂದ್ರೆ ಕೇಳ್ತೀನಿ. ಸುಳ್ಳು ದಿಕ್ಸೂಚಿ ಕೊಟ್ಟು ಕಳಿಸೋನಲ್ಲ ನಾನು."

ಹೊರಗೆ ಕಡಲಹಕ್ಕಿಯೊಂದು ಚಾವಣಿಯ ಮೇಲೆ ತಪತಪನೆ ನಡೆದಾಡಿತು.

"ಇನ್ನೊಂದು ದಾರಿ ಇದೆ" ಎಂದ ಇಮ್ಲಾಕ್. "ಮೊದಲು ಹೇಗಿತ್ತೋ ಹಾಗೇ ಕೂರ್ಬೇಕು. ಹಾಗೇ ಅಂದ್ರೆ ಹಾಗೇ. ಎತ್ತ ಮುಖ ಮಾಡಿತ್ತು, ನೆನಪಿದೆಯಾ?"

ಯಾವ ಕೈಯಲ್ಲಿ ಊಟ ಮಾಡುತ್ತೀಯ ಎಂದು ಕೇಳಿದವನನ್ನು ನೋಡುವಂತೆ ಅವಳು ಅವನನ್ನು ನೋಡಿದಳು.

"ಬಾಯಿ ಮುಂದಕ್ಕೆ. ಹಡಗು ಹೋದ ಹಾಗೆಲ್ಲ ಅದೃಷ್ಟ ಒಳಗೆ ತುಂಬ್ಕೊಳ್ಳಬೇಕಲ್ಲ. ಹಿಂದಕ್ಕಿಟ್ರೆ ಇದ್ದಬದ್ದದ್ದೆಲ್ಲ ಸುರಿದುಹೋಗುತ್ತೆ."

"ಯಾವ ಮಗ್ಗುಲು ಮೇಲೆ?"

"ಸವೆದಿರೋದು. ನಿಮ್ಮ ಕಡೆ ಬೇರೆ ಥರ ಇಡ್ತಾರಾ?"

"ನಮ್ಮ ಮನೇಲಿ ಕುದುರೇನೂ ಇರ್ಲಿಲ್ಲ, ದೋಣೀನೂ ಇರ್ಲಿಲ್ಲ" ಎಂದು ಅವನು ಮೊದಲ ಸಲ ಸ್ವಲ್ಪ ನಕ್ಕ. "ತಿರುಪುಳಿ ಆಚೆ ಇಟ್ಟು ಬನ್ನಿ. ಬಡಿಯೋಕೆ ಮರದ ಕೊಡತಿ ತನ್ನಿ."

ಹಳೆಯ ತೂತುಗಳು ತೊಲೆಯಲ್ಲಿ ಹಾಗೇ ಇದ್ದವು. ಅವಳು ಲಾಳವನ್ನು ಅವುಗಳ ಮೇಲೆ ಕೂರಿಸಿ, ಅದೇ ಮೊಳೆಗಳನ್ನು ಅವೇ ತೂತುಗಳಿಗೆ ಕೊಡತಿಯಿಂದ ಇಳಿಸಿದಳು. ಇಮ್ಲಾಕ್ ದಿಕ್ಸೂಚಿಯ ಮೇಲೆ ಬಾಗಿ ನಿಂತಿದ್ದ. ಹಡಗನ್ನು ಧಕ್ಕೆಗೆ ಕಟ್ಟಿದಾಗ ತಟ್ಟೆ ಎಲ್ಲಿ ನಿಂತಿತ್ತೆಂದು ಅವನು ನೋಡಿಟ್ಟುಕೊಂಡಿದ್ದ. ತಟ್ಟೆ ಮತ್ತೆ ಮಗ್ಗುಲಾಯಿತು, ಹಿಂದಕ್ಕೆ ಹೊರಟಿತು, ಆದರೆ ಪೂರ್ತಿ ಬರಲಿಲ್ಲ.

"ಇನ್ನೂ ಸ್ವಲ್ಪ ಬಾಕಿ."

ಅವಳು ಇನ್ನೊಂದೇಟು ಹಾಕಿ, ಅವನ ಪಕ್ಕಕ್ಕೆ ಬಂದು ತಾನೂ ಬಟ್ಟಲಿನ ಮೇಲೆ ಬಾಗಿದಳು. ತಟ್ಟೆ ಸರಿಯಾಗುವ ಬದಲು ಮತ್ತಷ್ಟು ಆ ಕಡೆ ಸರಿಯಿತು. ಇಮ್ಲಾಕ್ ತಲೆಯೆತ್ತಿ ಅವಳನ್ನು ದಿಟ್ಟಿಸಿದ.

"ನಿಮ್ಮ ತಲೇಲಿ ಏನಿದೆ?"

"ಏನಿರುತ್ತೆ? ಬುದ್ಧಿಯಂತೂ ಇಲ್ಲ."

"ಅದಲ್ಲ. ಕೂದಲಲ್ಲಿ."

ಅವಳು ಕೂದಲಿನ ಪಿನ್ನುಗಳನ್ನು ಒಂದೊಂದಾಗಿ ಕಿತ್ತು, ಹೊರಗೆ ಹೋಗಿ ಹಗ್ಗದ ಸುರುಳಿಯ ಮೇಲಿಟ್ಟು ಬಂದಳು. ನರೆ ಬೆರೆತ ಕೂದಲು ಬೆನ್ನ ಮೇಲೆ ಬಿದ್ದಿತು. ಪರಗಂಡಸಿನ ಎದುರು ಹೀಗೆ ನಿಂತದ್ದಕ್ಕೆ ನಾಚಿಕೆಯಾಗಬೇಕಿತ್ತು. ಆದರೆ ಅವಳ ಕಣ್ಣು ಬಟ್ಟಲು ಬಿಟ್ಟು ಕದಲಲಿಲ್ಲ. ತಟ್ಟೆ ಒಂದು ಕೂದಲೆಳೆಯಷ್ಟು ಸರಿಯಿತು, ಇನ್ನೊಂದು ಎಳೆ, ಆಮೇಲೆ ನಿಂತಿತು.

"ಅಲ್ಲೇ" ಎಂದ ಇಮ್ಲಾಕ್. ಉಸಿರು ಬಿಟ್ಟ. "ಅಲ್ಲೇ ಇತ್ತು."

ಅವಳು ಹಲಗೆ ಮುಚ್ಚಲು ಬಾಗಿದಾಗ ಅವನು ಅವಳ ಕೈ ತಡೆದ. "ಸ್ಕಿಪ್ಪರಿಗೆ ಹೇಳ್ಬೇಕು. ನಾಳೆ ಇನ್ನೊಂದು ಯಾರ್ಡಲ್ಲಿ ಯಾರೋ ಬಡಗಿ ಈ ಹಲಗೆ ಎತ್ತಿ, ಇದೇನು ಕಸ ಅಂತ ಎಸೆದ್ರೆ?"

"ಹೇಳಿದ್ರೆ ಅದರ ಗುಣ ಹೋಗುತ್ತೆ."

"ಹೇಳದೇ ಇದ್ರೆ ದಿಕ್ಸೂಚಿಯ ಗುಣ ಹೋಗುತ್ತೆ."

ಅವಳು ಯೋಚಿಸಿದಳು. ಯಾರ ರಕ್ಷಣೆಗೆ ಇಟ್ಟದ್ದೋ ಅವನಿಗೆ ಹೇಳಬಾರದು ಎಂಬುದಷ್ಟೇ ರೂಢಿ. ಬೇರೆಯವರ ಮಾತು ಯಾರೂ ಎತ್ತಿರಲಿಲ್ಲ. ಆದರೆ ಸ್ಕಿಪ್ಪರ್ ಸಿಟ್ಟಾದರೆ ಅಲ್ಲಿಗೆ ಮುಗಿಯಿತು. ಆಲಿಕ್‌ನನ್ನು ಬೇರೆ ಹಡಗಿಗೆ ದಾಟಿಸಿಬಿಡಬಹುದು, ಬಹುಶಃ ಉಕ್ಕಿನ ಹಡಗಿಗೆ.

"ಕರೀರಿ ಅವರನ್ನ" ಎಂದಳು.

ಫಿಂಡ್ಲೇ ಬಂದ. ಅಗಲ ಭುಜದ, ಮಾತು ಕಡಿಮೆಯ ಮುದುಕ. ಬಾಥಿಯಾ ಕೂದಲನ್ನು ಒಂದು ಕೈಯಲ್ಲಿ ಹಿಡಿದುಕೊಂಡೇ ಎಲ್ಲ ಹೇಳಿದಳು. ನೆವ ಹೇಳಲಿಲ್ಲ, ಅಳಲೂ ಇಲ್ಲ. ಅವನು ಕೇಳಿ ಮುಗಿಸಿ, ಬಾಗಿ, ತೊಲೆಯ ಮೇಲಿನದನ್ನು ಬಹಳ ಹೊತ್ತು ನೋಡಿದ.

"ಗ್ಲೀನರಿಂದಾ?"

"ಹೌದು."

"ಒಳ್ಳೆ ಮೀನು ಹಿಡೀತಿತ್ತು ಆ ದೋಣಿ. ಒಂದು ಸಲ ಯಾರ್ಮತ್ ಬಂದರಲ್ಲಿ ನಮ್ಮನ್ನೆಲ್ಲ ಹಿಂದೆ ಹಾಕಿ ಡಾಡ್ ಮೊದಲು ಬಂದಿದ್ದ. ಸಂಜೆಯಿಡೀ ನನ್ನ ಮುಖ ನೋಡಿ ಹಲ್ಲು ಕಿರೀತಿದ್ದ, ಬಡ್ಡೀಮಗ." ಅವನು ನೆಟ್ಟಗೆ ನಿಂತ. "ನಿಮ್ಮ ಹುಡುಗನಿಗೆ ಗೊತ್ತಾ?"

"ಇಲ್ಲ."

"ಗೊತ್ತಾಗೋದು ಬೇಡ." ಇಮ್ಲಾಕ್ ಕಡೆ ತಿರುಗಿದ. "ಈಗ ದಿಕ್ಸೂಚಿ ಸರಿ ಇದೆಯೇನ್ರೀ?"

"ನನ್ನ ಸಹಿ ಹಾಕೋಷ್ಟು ಸರಿ ಇದೆ."

"ಮತ್ತೆ ಆ ಪಟ್ಟೀಲಿ ಏನು ಬರೀತೀರಿ?"

"ಚುಕ್ಕಾಣಿಗನ ಕಾಲಡಿಯ ಹಲಗೆ ಎತ್ತಿದ್ರೆ ದಿಕ್ಸೂಚಿ ಮತ್ತೆ ಸರಿ ಮಾಡಿಸ್ಬೇಕು ಅಂತ."

"ಯಾಕೆ ಅಂತ?"

"ಯಾಕೆ ಅಂತ ಬರೆಯೋಕೆ ಅದರಲ್ಲಿ ಜಾಗ ಬಿಟ್ಟಿಲ್ಲ" ಎಂದ ಇಮ್ಲಾಕ್.

ಫಿಂಡ್ಲೇ ಹಲಗೆಯನ್ನು ತಾನೇ ಎತ್ತಿ ಅದರ ಜಾಗದಲ್ಲಿ ಕೂರಿಸಿದ. ಬಾಥಿಯಾ ಅದರ ಮೇಲೆ ಬಣ್ಣ ಬಳಿದಳು.

ನೌಕಾಪಡೆ ಆ ಹಡಗಿಗೆ ಹೆಸರು ಕೊಟ್ಟಿರಲಿಲ್ಲ, ಬರೀ ನಂಬರು ಕೊಟ್ಟಿತ್ತು. ಮುಂದಿನ ಎರಡು ಚಳಿಗಾಲ ಅದು ಹಾರ್ವಿಚ್ ಬಂದರಿನಿಂದ ಹೊರಟು, ದಿನವೂ ಅದದೇ ದಾರಿಯನ್ನು ಮನೆಯಂಗಳ ಗುಡಿಸುವ ಹಾಗೆ ಗುಡಿಸಿತು. ಆಮೇಲೆ ಶೆಲ್ಟ್ ನದಿಯ ಬಾಯಿಗೆ ಹೋಯಿತು. ಬಾಲದ ಹತ್ತಿರ ಸಿಡಿದ ಒಂದು ಮೈನು ಅದರ ಅಡುಗೆಕೋಣೆಯ ಪಾತ್ರೆಗಳನ್ನೆಲ್ಲ ಒಡೆದುಹಾಕಿತು. ಇನ್ನೊಂದು ಕೂವೆಮರವನ್ನು ಬಿರುಕು ಬಿಡಿಸಿತು. ಯುದ್ಧ ಮುಗಿದ ಮೇಲೆ ಬಾಲ ಕತ್ತರಿಸಿ, ತಂತಿ ಬಿಚ್ಚಿ, ಒಬ್ಬ ಡೇನಿಷ್ ವ್ಯಾಪಾರಿಗೆ ಮಾರಿದರು. ಅವನು ಅದಕ್ಕೆ ತನ್ನ ಮಗಳ ಹೆಸರಿಟ್ಟು ದ್ವೀಪಗಳ ನಡುವೆ ಕಾಳು, ಇಟ್ಟಿಗೆ, ಒಮ್ಮೊಮ್ಮೆ ಹಸುಗಳನ್ನು ಸಾಗಿಸಿದ.

ಅದೆಲ್ಲ ಆಮೇಲಿನ ಮಾತು. ಮರುದಿನ ಬೆಳಿಗ್ಗೆ ಧಕ್ಕೆಯ ಮೇಲೆ ನಿಂತ ಬಾಥಿಯಾಗೆ ಅದಾವುದೂ ಗೊತ್ತಿರಲಿಲ್ಲ.

ಸಮುದ್ರದ ಮೇಲೆ ದಟ್ಟ ಮಂಜು ಬಿದ್ದಿತ್ತು. ಬೇಸಗೆಯಲ್ಲಿ ಗಾಳಿ ಪೂರ್ವಕ್ಕೆ ತಿರುಗಿದಾಗ ಬೀಳುವಂಥದ್ದು. ಬಂದರಿನ ಬಾಯಿಯೇ ಕಾಣುತ್ತಿರಲಿಲ್ಲ. ಆಲಿಕ್ ಬೂಟು ಹಾಕಿಕೊಂಡು, ಬೆಲ್ಟು ಬಿಗಿದು, ಚುಕ್ಕಾಣಿ ಕೋಣೆಯ ಕಿಟಕಿಯಿಂದ ಒಮ್ಮೆ ಕೈ ತೋರಿಸಿದ. ಅವಳು ಕೈಯೆತ್ತಲಿಲ್ಲ. ಹೊರಟವರಿಗೆ ದಡದಿಂದ ಕೈಯೆತ್ತುವ ಪದ್ಧತಿ ಅಲ್ಲಿರಲಿಲ್ಲ. ಹಗ್ಗ ಬಿಚ್ಚಿದರು. ಹಡಗು ಧಕ್ಕೆಯಿಂದ ಬಿಡಿಸಿಕೊಂಡು, ಎರಡು ಕಲ್ಲುಗೋಡೆಗಳ ನಡುವೆ ಹಾದು, ಮೊದಲು ಮೂತಿ, ಆಮೇಲೆ ಚುಕ್ಕಾಣಿ ಕೋಣೆ, ಆಮೇಲೆ ಹಿಂಭಾಗ, ಹೀಗೆ ಬಿಳುಪಿನೊಳಗೆ ಕರಗಿತು.

"ಬಾರೇ" ಎಂದಳು ಐಸಿ. "ಹೋಗೋ ಹಡಗನ್ನ ಕಣ್ಮರೆಯಾಗೋವರೆಗೂ ನೋಡ್ತಾ ನಿಲ್ಲಬಾರದು."

"ಕಣ್ಮರೆಯಾಗಿ ಆಯ್ತಲ್ಲ. ಇನ್ನು ನಿಂತ್ರೆ ತಪ್ಪೇನು?"

ಐಸಿ ಒಬ್ಬಳೇ ಹೋದಳು. ಬಾಥಿಯಾ ನಿಂತಳು. ಬಂಡೆಸಾಲು ದಾಟಿದ ಮೇಲೆ ಹಡಗು ಬಲಕ್ಕೆ ಹೊರಳಿ ಸಾಗಬೇಕಿತ್ತು. ಎಂಜಿನ್ನಿನ ಸದ್ದು ಬಲಕ್ಕೆ ಹೊರಳಿತು. ಆಮೇಲೆ ಎಡಕ್ಕೂ ವಾಲದೆ, ಬಲಕ್ಕೂ ವಾಲದೆ, ಯಾರೋ ಗೆರೆ ಎಳೆದಂತೆ ಒಂದೇ ಕಡೆಗೆ ಹೋಗುತ್ತ ಹೋಗುತ್ತ ಸಣ್ಣದಾಯಿತು. ಅವಳು ತಲೆಯನ್ನು ಸ್ವಲ್ಪ ಓರೆ ಮಾಡಿ, ಮಂಜಿನ ಹನಿ ರೆಪ್ಪೆಗಳ ಮೇಲೆ ಕೂರುತ್ತಿದ್ದರೂ ಒರೆಸಿಕೊಳ್ಳದೆ, ಆ ಗೆರೆಯ ತುದಿಯನ್ನು ಕೇಳುತ್ತ ನಿಂತಿದ್ದಳು.